ಫಿಂಟಾಸಿನ ಮರಳಲ್ಲಿ ನಾಲ್ಕು ಕಂಬದ ಆಟ

ಹಿಂದಿನಿಂದ ಓಡಿ ಬಂದವನು ಮುಂದೆ ನಿಂತವನ ಬೆನ್ನಿಗೆ ಮೊಣಕಾಲು ಕೊಟ್ಟು, ಅವನ ಹೆಗಲನ್ನೇ ಮೆಟ್ಟಿಲು ಮಾಡಿಕೊಂಡು ಮೇಲೆ ಹಾರಿ ಚೆಂಡು ಹಿಡಿದ. ಕೆಳಗಿದ್ದವನು ಬೋರಲಾಗಿ ಮರಳಿಗೆ ಬಿದ್ದ. ಎದ್ದಾಗ ಅವನ ತುಟಿಯಲ್ಲಿ ರಕ್ತ. ಇನ್ನು ಹೊಡೆದಾಟ ಖಂಡಿತ ಎಂದುಕೊಂಡು ನಾನು ಪಿಕಪ್ಪಿನ ಬಾಗಿಲು ಹಿಡಿದು ನಿಂತೆ. ಶಿಳ್ಳೆ ಕೇಳಿಸಿತು. ಅದು ತಪ್ಪಿಗಾಗಿ ಊದಿದ್ದಲ್ಲ, ಹಿಡಿದದ್ದು ಸರಿಯಾಯಿತು ಎಂದು ಊದಿದ್ದು! ಮೆಟ್ಟಿಸಿಕೊಂಡವನು ರಕ್ತ ಉಗುಳಿ, ಮೆಟ್ಟಿದವನ ಬೆನ್ನು ತಟ್ಟಿದ.

ಚೆಂಡೂ ಚೆಂಡಿನ ಹಾಗಿರಲಿಲ್ಲ. ಹಲಸಿನ ಬೀಜವನ್ನು ಊದಿಸಿ ದೊಡ್ಡದು ಮಾಡಿದ ಹಾಗಿತ್ತು.

ಅದು ತೊಂಬತ್ತರ ದಶಕದ ನಡುವಿನ ಒಂದು ಶುಕ್ರವಾರ. ಫಿಂಟಾಸಿನ ಸಮುದ್ರದ ಬದಿಯ ಖಾಲಿ ಜಾಗಕ್ಕೆ ನಾನು ಹೋದದ್ದು ಕಬ್ಬಿಣದ ಕಂಬಗಳನ್ನು ಇಳಿಸಲು. ಶುವೈಖ್ ಇಂಡಸ್ಟ್ರಿಯಲ್ ಏರಿಯಾದ ಒಂದು ಪೈಪಿನ ಅಂಗಡಿಯಲ್ಲಿ ನನಗೆ ಸ್ಟೋರಿನ ಕೆಲಸ. ಡ್ರೈವರ್ ಇಲ್ಲದ ದಿನ ಡ್ರೈವರೂ ನಾನೇ. ಎರಡು ಉದ್ದ, ಎರಡು ಗಿಡ್ಡ ಕಂಬ, ಹೀಗೆ ಎರಡು ಜತೆ. ಬಿಳಿಯರು ಎಲ್ಲೋ ಡೇರೆ ಹಾಕುತ್ತಾರೆ ಎಂದುಕೊಂಡಿದ್ದೆ. ಅವು ಗೋಲಿನ ಕಂಬಗಳಾಗಿದ್ದವು. ನಡುವಿನ ಉದ್ದ ಕಂಬಗಳ ಮಧ್ಯೆ ಒದ್ದರೆ ಆರು ಅಂಕ, ಬದಿಯ ಸಂದಿಯಲ್ಲಿ ಹೋದರೆ ಒಂದು. ಆಸ್ಟ್ರೇಲಿಯಾದವರ ಫುಟ್ಬಾಲ್ ಇದು. ಅವರ ದೇಶದಲ್ಲಿ ಒಂದು ಕಡೆಗೆ ಹದಿನೆಂಟು ಜನ ಆಡುತ್ತಾರಂತೆ. ಕುವೈತಿನಲ್ಲಿ ಅಷ್ಟು ಜನ ಎಲ್ಲಿ ಸಿಗಬೇಕು? ಒಂಬತ್ತು ಒಂಬತ್ತು ಆಡುತ್ತಿದ್ದರು.

ಮೆಟ್ಟಿ ಹಾರಿದವನೇ ನನ್ನ ಹತ್ತಿರ ಬಂದ. ಬಿಸಿಲಿಗೆ ಸುಟ್ಟು ಇಟ್ಟಿಗೆಯ ಬಣ್ಣವಾದ ಮುಖ.

"ಶುಕ್ರವಾರ ಅಂದರೆ ನಿಮ್ಮ ಅಂಗಡಿಯವರಿಗೆ ಶನಿವಾರವಾ?" ಎಂದು ಇಂಗ್ಲಿಷಿನಲ್ಲಿ ಗದರಿಸಿದ. ನಾನು ತಡವಾಗಿ ಬಂದಿದ್ದೆ, ನಿಜ. ಆಮೇಲೆ ನನ್ನ ಎತ್ತರ ನೋಡಿದ. ಕೇಳದೆ, ಹೇಳದೆ ಚೆಂಡನ್ನು ನನ್ನ ತಲೆಯ ಮೇಲಕ್ಕೆ ಒದ್ದ. ಊರಿನಲ್ಲಿ ಇಗರ್ಜಿಯ ಯುವಕರ ತಂಡಕ್ಕೆ ವಾಲಿಬಾಲ್ ಆಡಿದವನು ನಾನು. ಮೈ ತಾನಾಗಿಯೇ ಎಗರಿತು. ಚೆಂಡು ಕೈಯಲ್ಲಿತ್ತು.

"ಚಪ್ಪಲಿ ತೆಗೆ," ಎಂದ. "ಇವತ್ತು ಒಬ್ಬ ಕಮ್ಮಿ ಇದ್ದಾನೆ."

ಅವನ ಹೆಸರು ಗ್ರೆಗ್. ಆ ತಂಡದ ನಾಯಕ. ನನ್ನ ಹೆಸರು ಬೊನಿಫಾಸ್. ಅವರ ಬಾಯಲ್ಲಿ ಅದು ಆ ದಿನವೇ 'ಬೋನ್ಸ್' ಆಯಿತು, ಅಂದರೆ ಎಲುಬುಗಳು.

ಕುವೈತಿನ ಬಗ್ಗೆ ನಾಲ್ಕು ಒಳ್ಳೆಯ ಮಾತು ಬರೆಯಿರಿ ಎಂದು ಊರಿನವರು ಕೇಳುತ್ತಾರೆ. ಬರೆಯಲು ಕೂತರೆ ನನಗೆ ಮೊದಲು ನೆನಪಾಗುವುದು ಅಬ್ಬಾಸಿಯಾದ ಆ ಕೋಣೆ. ಒಂದು ಕೋಣೆಯಲ್ಲಿ ಐದು ಮಂಚ, ಮಂಚಗಳ ನಡುವೆ ಹಳೆಯ ಬೆಡ್‌ಶೀಟಿನ ಪರದೆ. ಇಡೀ ಮಹಡಿಗೆ ಎರಡು ಪಾಯಿಖಾನೆ. ನಮ್ಮೂರಿನಲ್ಲಿ ಬೆಳಿಗ್ಗೆ ಎದ್ದವನು ಅಂಗಳಕ್ಕೆ ಇಳಿದು ಆಕಾಶ ನೋಡುತ್ತಾನೆ. ಅಲ್ಲಿ ಎದ್ದವನು ಪಕ್ಕದವನ ಟವೆಲ್ ನೋಡುತ್ತಾನೆ, ಅವನು ನನಗಿಂತ ಮೊದಲು ಹೋಗಿಬಿಟ್ಟನೋ ಎಂದು. ಕಿಟಕಿ ತೆರೆದರೆ ಧೂಳು, ಮುಚ್ಚಿದರೆ ಐದು ಜನರ ಬೆವರು. ಯುದ್ಧ ಮುಗಿದು ವರ್ಷಗಳಾಗಿದ್ದರೂ ಎದುರಿನ ಗೋಡೆಯಲ್ಲಿ ಗುಂಡಿನ ತೂತುಗಳು ಹಾಗೇ ಇದ್ದವು. ಅವುಗಳ ಮೇಲೆ ಯಾರೋ ಟಿವಿಯ ವಯರ್ ಎಳೆದಿದ್ದರು.

ಅರಬ್ಬಿ ಭಾಷೆಯೂ ಬೈಗುಳದಂತೆಯೇ ಬಂತು. ಅಂಗಡಿಯಲ್ಲಿ ದಿನವಿಡೀ 'ಯಲ್ಲಾ, ಯಲ್ಲಾ' – ಬೇಗ ಬೇಗ. ಏನಾದರೂ ಕೇಳಿದರೆ 'ಖಲಾಸ್' – ಮುಗಿಯಿತು, ಇನ್ನು ಮಾತಿಲ್ಲ. ನನ್ನ ಇಕಾಮಾ, ಅಂದರೆ ಆ ದೇಶದಲ್ಲಿ ಉಸಿರಾಡುವ ಪರವಾನಗಿ, ವೀಸಾ ಕೊಟ್ಟ ಧಣಿ ಕಫೀಲನ ಹೆಸರಿನಲ್ಲಿ. ಆ ಕಫೀಲನನ್ನು ನಾನು ಒಮ್ಮೆ ಕಾರಿನ ಗಾಜಿನ ಹಿಂದೆ ನೋಡಿದ್ದೇನೆ, ಅಷ್ಟೆ. ಬೇಸಾಯಕ್ಕೆ ಎತ್ತು ಕೊಂಡವನು ಕೂಡ ಅದರ ಬೆನ್ನು ಒಮ್ಮೆ ಸವರುತ್ತಾನೆ.

ಕೋಣೆಯಲ್ಲಿ ನನ್ನ ಪಕ್ಕದ ಮಂಚ ಬಂಟ್ವಾಳ ಕಡೆಯ ಹಮೀದನದು. ಅವನ ಮನೆಮಾತು ಬ್ಯಾರಿ, ನನ್ನದು ಕೊಂಕಣಿ. ಇಬ್ಬರೂ ಸಿಟ್ಟು ಬಂದಾಗ ತುಳುವಿನಲ್ಲೂ ಬಾಕಿ ಹೊತ್ತು ಮಂಗಳೂರು ಕನ್ನಡದಲ್ಲೂ ಮಾತಾಡುತ್ತಿದ್ದೆವು. ಮೊದಲ ದಿನ ನಾನು ಮೊಣಕೈ ಸುಲಿಸಿಕೊಂಡು ಬಂದಾಗ ಅವನು ಪರದೆ ಸರಿಸಿ ನೋಡಿದ.

"ಎಂತ ಮಾರಾಯ ಇದು? ಲಾರಿಯಿಂದ ಬಿದ್ದದ್ದಾ?"

"ಆಟ ಆಡಿದ್ದು."

"ವಾರಕ್ಕೆ ಒಂದು ರಜೆ ಸಿಗುದು. ಅದರಲ್ಲಿ ಬಿಳಿಯರ ಹತ್ರ ಹೋಗಿ ಪೆಟ್ಟು ತಿಂದು ಬರುದಾ? ಅಂಗಡಿಯಲ್ಲಿ ಸಿಗುವ ಪೆಟ್ಟು ಸಾಕಾಗುದಿಲ್ವಾ ನಿನಗೆ?"

ಅವನಿಗೆ ನಾನು ಹೇಳಬೇಕಿದ್ದದ್ದು ಇದು: ಅಂಗಡಿಯಲ್ಲಿ ಪೆಟ್ಟು ತಿಂದರೆ ತಿರುಗಿಸಿ ಕೊಡುವ ಹಾಗಿಲ್ಲ. ಮೈದಾನದಲ್ಲಿ ಕೊಡಬಹುದು.

ಹಾಗಾಗಿ ಪ್ರತಿ ಶುಕ್ರವಾರ ಹೋದೆ. ಚೆಂಡನ್ನು ಕೈಯಿಂದ ಪಾದಕ್ಕೆ ಬಿಟ್ಟು ಒದೆಯಲು ಕಲಿತೆ. ಓಡುತ್ತಾ ಅದನ್ನು ನೆಲಕ್ಕೆ ಬಡಿದು ಮತ್ತೆ ಕೈಗೆ ತೆಗೆದುಕೊಳ್ಳಲು ಒಂದು ಚಳಿಗಾಲವೇ ಬೇಕಾಯಿತು, ಆ ಮೊನಚು ಚೆಂಡು ಎತ್ತ ಪುಟಿಯುತ್ತದೆಂದು ಅದಕ್ಕೂ ಗೊತ್ತಿರುವುದಿಲ್ಲ. ಕಲಿತ ಮೇಲೆ ನನ್ನನ್ನು ಎಲ್ಲಿ ಬೇಕೆಂದರಲ್ಲಿ ನಿಲ್ಲಿಸಿದರು. ಗೋಲು ಕಾಯುವವನಿಗೆ ಜ್ವರವೇ, ಬೋನ್ಸ್ ಹಿಂದೆ ಹೋಗಲಿ. ಮುಂದಿನವನು ರಜೆಯಲ್ಲಿ ಊರಿಗೆ ಹೋದನೇ, ಬೋನ್ಸ್ ಮುಂದೆ. ನಡುವಿನಲ್ಲಿ ಹಾರುವವನ ಕಾಲು ಉಳುಕಿತೇ, ಬೋನ್ಸ್ ಹಾರಲಿ. ಅವನು ಊರಿನಿಂದ ವಾಪಸು ಬಂದ ದಿನ, ಕಾಲು ಸರಿಯಾದ ದಿನ, ಬೋನ್ಸ್ ಹೊರಗೆ ಕೂತು ನೀರಿನ ಬಾಟಲಿ ಕೊಡಲಿ.

ಇಂಥವನಿಗೆ ಅವರ ಆಟದಲ್ಲಿ 'ಯುಟಿಲಿಟಿ' ಎನ್ನುತ್ತಾರೆ. ಎಲ್ಲಿಗೂ ಸಲ್ಲುವವನು ಎಂದು ಅರ್ಥ. ಗ್ರೆಗ್ ಅದನ್ನು ಹೊಗಳಿಕೆಯ ಹಾಗೆ ಹೇಳಿದ. ನಮ್ಮ ಪೇಟೆಗಳ ಫ್ಲ್ಯಾಟುಗಳಲ್ಲಿ ಅಡುಗೆಮನೆಯ ಹಿಂದೆ ಪಾತ್ರೆ ತೊಳೆಯುವ, ಪೊರಕೆ ನಿಲ್ಲಿಸುವ ಜಾಗಕ್ಕೂ ಯುಟಿಲಿಟಿ ಎಂದೇ ಹೆಸರು. ನನಗೆ ಹೊಳೆದದ್ದು ಅದು.

ಆಟ ಮುಗಿದ ಮೇಲೆ ಅವರು ಯಾರದೋ ವಿಲ್ಲಾಕ್ಕೆ ಮಾಂಸ ಸುಡಲು ಹೋಗುತ್ತಿದ್ದರು. ಹೋಗುವಾಗ "ಮುಂದಿನ ವಾರ ನೋಡೋಣ, ಬೋನ್ಸ್" ಎನ್ನುತ್ತಿದ್ದರು. ನಾನು ಪಿಕಪ್ಪಿನಲ್ಲಿ ಅಬ್ಬಾಸಿಯಾಕ್ಕೆ ಬಂದು, ಹಮೀದನ ಮೀನುಸಾರಿಗೆ ಖುಬ್ಬೂಸ್ – ಅಲ್ಲಿನ ಅಗಲ ರೊಟ್ಟಿ – ಅದ್ದಿ ತಿನ್ನುತ್ತಿದ್ದೆ. ಬೈಯುತ್ತಲೇ ಅವನು ನನ್ನ ಪಾಲು ಎತ್ತಿಡುತ್ತಿದ್ದ.

ಹೀಗೆ ಕೆಲವು ವರ್ಷ ಕಳೆಯಿತು. ಒಂದು ಜನವರಿಯಲ್ಲಿ ಬಹರೇನಿನಿಂದ ಆಸ್ಟ್ರೇಲಿಯನ್ನರ ಒಂದು ತಂಡ ಫಿಂಟಾಸಿಗೆ ಪಂದ್ಯಕ್ಕೆ ಬಂತು. ಆ ಸಲ ಮುಂದಿನ ಸಾಲು ನನ್ನದೇ ಎಂದು ಗ್ರೆಗ್ ಮಾತು ಕೊಟ್ಟಿದ್ದ. ತಿಂಗಳುಗಟ್ಟಲೆ ಅಭ್ಯಾಸ ಮಾಡಿದ್ದೆ. ಹಮೀದನನ್ನೂ ಒತ್ತಾಯ ಮಾಡಿ ಕರೆದುಕೊಂಡು ಹೋಗಿದ್ದೆ. ಬಹರೇನಿನವರಲ್ಲಿ ಒಬ್ಬನಿಗೆ ವೀಸಾದ ತೊಂದರೆಯಿಂದ ಬರಲಾಗದೆ, ಅವರಿಗೆ ಒಬ್ಬ ಕಮ್ಮಿಯಾದ. ನಾನು ಬೂಟಿನ ದಾರ ಕಟ್ಟುತ್ತಿದ್ದಾಗ ಗ್ರೆಗ್ ಅವರ ನಾಯಕನಿಗೆ ಹೇಳುವುದು ಕೇಳಿಸಿತು.

"ಬೋನ್ಸನ್ನು ತೆಗೆದುಕೊ. ಎಲ್ಲಿ ಬೇಕಾದರೂ ಹಾಕು, ನಡೆಯುತ್ತದೆ."

ಪಕ್ಕದ ಮನೆಗೆ ಏಣಿ ಕೊಡುವವನ ಹಾಗೆ ಹೇಳಿದ. ನಾನು ಎದ್ದು ನಿಂತೆ. "ನನ್ನನ್ನು ಕೇಳಿದೆಯಾ?"

"ಒಂದು ಪಂದ್ಯ ತಾನೇ. ತಕರಾರು ಮಾಡಬೇಡ."

"ಮುಂದಿನ ಸಾಲು ನನ್ನದು ಅಂದಿದ್ದೆ."

"ನಿನಗೇನು? ನೀನು ಎಲ್ಲಿ ಬೇಕಾದರೂ ಆಡುತ್ತೀಯಲ್ಲ," ಎಂದು ಅವನು ಬೆನ್ನು ತಿರುಗಿಸಿದ.

ಬೆವರಿನ ವಾಸನೆಯ ಬೇರೆ ಬಣ್ಣದ ಅಂಗಿಯೊಂದನ್ನು ಬಹರೇನಿನ ನಾಯಕ ನನ್ನ ಕೈಗಿಟ್ಟ. ಕುಳ್ಳ, ಬೊಕ್ಕತಲೆಯ ಮನುಷ್ಯ. ಆಮೇಲೆ ಒಂದು ಪ್ರಶ್ನೆ ಕೇಳಿದ: "ನಿನ್ನ ಜಾಗ ಯಾವುದು? ಎಲ್ಲಿ ನಿಲ್ಲುತ್ತೀ?"

ಅಷ್ಟು ವರ್ಷಗಳಲ್ಲಿ ಕುವೈತಿನಲ್ಲಿ ಯಾರೂ ನನ್ನನ್ನು ಇದು ಕೇಳಿರಲಿಲ್ಲ, ಅಂಗಡಿಯಲ್ಲೂ ಇಲ್ಲ, ಮೈದಾನದಲ್ಲೂ ಇಲ್ಲ. ನಾನು ಹೇಳಿದೆ, "ಗ್ರೆಗ್ ಎಲ್ಲಿ ನಿಲ್ಲುತ್ತಾನೋ ಅಲ್ಲಿ."

ಆ ಪಂದ್ಯದಲ್ಲಿ ನಾನು ಚೆಂಡಿಗಿಂತ ಹೆಚ್ಚು ಗ್ರೆಗ್‌ನನ್ನು ನೋಡಿದೆ. ಅವನು ಓಡಿದಲ್ಲಿ ಓಡಿದೆ. ಅವನು ಹಾರುವ ಮೊದಲು ಹಾರಿದೆ. ಮೊದಲ ಅರ್ಧದಲ್ಲಿ ಅವನು ನಕ್ಕ. ಎರಡನೆಯ ಅರ್ಧದಲ್ಲಿ ನಗು ನಿಂತು, ಅವನ ಮೊಣಕೈ ನನ್ನ ಮೂಗಿಗೆ ಬಿತ್ತು. ಕಟ್ ಎಂದು ಸದ್ದಾಯಿತು. ಬದಿಯಿಂದ ಹಮೀದ್ ಮೈದಾನದವರೆಲ್ಲ ತಿರುಗಿ ನೋಡುವ ಹಾಗೆ ತುಳುವಿನಲ್ಲಿ ಬೈದ. ರಕ್ತ ಒರೆಸಿಕೊಂಡು ಎದ್ದೆ. ಕೊನೆಗೆ ಚೆಂಡು ಎತ್ತರಕ್ಕೆ ಬಂತು, ಅದರ ಅಡಿಯಲ್ಲಿ ಗ್ರೆಗ್ ಕೈ ಚಾಚಿ ನಿಂತಿದ್ದ. ನಾನು ಹಿಂದಿನಿಂದ ಓಡಿ ಅವನ ಬೆನ್ನಿಗೆ ಮೊಣಕಾಲಿಟ್ಟೆ. ಮೇಲೆ ಹೋದೆ. ಆ ಕ್ಷಣದಲ್ಲಿ ಸಮುದ್ರ ಕಂಡಿತು, ನೀಲಿ ಕಂಡಿತು, ಚೆಂಡು ಕೈಗೆ ಬಂತು. ಅವನು ನನ್ನ ಭಾರಕ್ಕೆ ಹೆಗಲು ಅಡಿಯಾಗಿ ಬಿದ್ದು ಎದ್ದೇಳಲಿಲ್ಲ.

ನಾನು ಒದ್ದೆ. ಉದ್ದ ಕಂಬಗಳ ನಡುವೆ ಹೋಯಿತು. ಬಹರೇನ್ ಗೆದ್ದಿತು.

ಗೆದ್ದವರು ನನ್ನನ್ನು ಎತ್ತಿದರು, ಅವರ ಹೆಸರುಗಳು ನನಗೆ ಗೊತ್ತಿರಲಿಲ್ಲ. ನನ್ನ ತಂಡದವರು, ಹೆಸರು ಗೊತ್ತಿದ್ದವರು, ಒಬ್ಬರೂ ಹತ್ತಿರ ಬರಲಿಲ್ಲ. ಗ್ರೆಗ್‌ನ ಹೆಗಲು ಕೀಲು ತಪ್ಪಿತ್ತು. ಯಾರು ಆಸ್ಪತ್ರೆಗೆ ಒಯ್ಯುವುದೆಂದು ಅವರು ಮಾತಾಡಿಕೊಳ್ಳುತ್ತಿದ್ದಾಗ ಅವನೇ ಎಡಗೈಯಲ್ಲಿ ಬಲಗೈ ಹಿಡಿದುಕೊಂಡು ನಡೆದು ಬಂದು ನನ್ನ ಪಿಕಪ್ಪಿನಲ್ಲಿ ಕೂತ. "ನಿನ್ನ ಮೂಗೂ ಮುರಿದಿದೆ. ಹೇಗೂ ಹೋಗಬೇಕಲ್ಲ, ನಡೆ."

ಹಮೀದ್ ಹಿಂದೆ ಹತ್ತಿ ಕೂತ. ದಾರಿಯಲ್ಲಿ ನಾನೇ ಕೇಳಿದೆ: "ನಾನು ನಿನ್ನ ಏಣಿಯಾ? ಯಾರಿಗೆ ಬೇಕಾದರೂ ಎತ್ತಿ ಕೊಡಲು?"

ಅವನು ಗಾಜಿನ ಹೊರಗೆ ನೋಡುತ್ತಾ ಹೇಳಿದ. ಅವನದು ಗೋಧಿ ಬೆಳೆಯುವ ಒಣಭೂಮಿಯ ಸಣ್ಣ ಊರು. ಊರಿನ ತಂಡಕ್ಕೆ ಜನ ಸಾಲದೆ ಹುಡುಗನಾಗಿದ್ದಾಗಲೇ ಎಲ್ಲ ಜಾಗದಲ್ಲೂ ಆಡಿ ಕಲಿತ. ದೊಡ್ಡ ಪೇಟೆಯ ತಂಡದವರು ಅದನ್ನು ನೋಡಿಯೇ ಕರೆದುಕೊಂಡು ಹೋದರು. ಆರು ವರ್ಷ ಆಡಿಸಿದರು. ಯಾರ ಕಾಲು ಮುರಿಯಿತೋ ಅವರ ಜಾಗದಲ್ಲಿ ಇವನು. ಅವರು ಗುಣವಾದರೆ ಇವನು ಹೊರಗೆ. ಪತ್ರಿಕೆಯವರು ಹೊಗಳಿದರು, ಎಲ್ಲಿಗೂ ಸಲ್ಲುವವನು ಎಂದು. ಏಳನೆಯ ವರ್ಷ ಫೋನ್ ಮಾಡಿ ಬೇಡ ಎಂದರು. ಊರಿಗೆ ಹೋದರೆ ಅಲ್ಲಿಯ ತಂಡದಲ್ಲಿ ಬೇರೆ ಹುಡುಗರು ಬೆಳೆದಿದ್ದರು. ಅಲ್ಲಿಂದ ಅವನು ತೈಲದ ಕೆಲಸ ಹಿಡಿದು ಕೊಲ್ಲಿಗೆ ಬಂದ.

"ಮಗಳು ಕೇಳುತ್ತಾಳೆ, ಅಪ್ಪ ನೀನು ಯಾವ ಜಾಗದ ಆಟಗಾರ ಅಂತ," ಎಂದ. "ಏನು ಹೇಳಲಿ?"

"ಗೊತ್ತಿದ್ದೂ ನನಗೆ ಅದನ್ನೇ ಮಾಡಿದೆಯಲ್ಲ."

"ಮಾಡಿದೆ," ಎಂದ. ಕ್ಷಮೆ ಕೇಳಲಿಲ್ಲ. ಕೇಳಿದ್ದರೆ ಪಿಕಪ್ ನಿಲ್ಲಿಸಿ ಇಳಿಸಿಬಿಡುತ್ತಿದ್ದೆನೋ ಏನೋ.

ಆಸ್ಪತ್ರೆಯಲ್ಲಿ ನನ್ನ ಮೂಗಿಗೆ ಹತ್ತಿ ತುರುಕಿದ ನರ್ಸ್ ನನ್ನ ಹೆಸರು ಓದಿ ಕೊಂಕಣಿಯಲ್ಲೇ ಬೈಯಲು ಶುರು ಮಾಡಿದಳು. ಮನೆಯವರು ಮೇಣದಬತ್ತಿ ಹಚ್ಚಿ ಕಳಿಸಿದ್ದು ಇದಕ್ಕೇನಾ, ಬಿಳಿಯರ ಜೊತೆ ಹೊಡೆದಾಡಲು? ಹಮೀದ್ ಬಾಗಿಲಲ್ಲಿ ನಿಂತು, "ಇನ್ನೂ ಎರಡು ಹೇಳಿ ಸಿಸ್ಟರ್, ನಾನು ಹೇಳಿದ್ರೆ ಕೇಳುದಿಲ್ಲ ಇವ" ಎಂದ. ಅವಳ ಹೆಸರು ಸಿಂತಿಯಾ. ಎರಡು ವರ್ಷದ ಮೇಲೆ ನಾವು ಮದುವೆಯಾದೆವು. ಕುವೈತ್ ನನಗೆ ಕೊಟ್ಟ ಒಳ್ಳೆಯದರಲ್ಲಿ ಇದೊಂದನ್ನು ಬರೆಯದಿದ್ದರೆ ಮನೆಯಲ್ಲಿ ಊಟ ಸಿಗಲಿಕ್ಕಿಲ್ಲ.

ಗ್ರೆಗ್ ಮತ್ತೆ ಆಡಲಿಲ್ಲ. ಅವನ ಹೆಗಲು ಹಿಂದಿನ ಹಾಗೆ ಆಗಲೇ ಇಲ್ಲ. ಮುಂದಿನ ಚಳಿಗಾಲದಲ್ಲಿ ಹೊಸ ನಾಯಕ ನನ್ನನ್ನು ಎಲ್ಲಿ ಬೇಕಾದರೂ ನಿಲ್ಲಿಸಲು ನೋಡಿದಾಗ ನಾನು ಹೇಳಿದೆ: ಹಿಂದೆ, ಗೋಲಿನ ಎದುರು, ಅದೊಂದೇ ಜಾಗ, ಇಲ್ಲದಿದ್ದರೆ ಖಲಾಸ್. ಅವನಿಗೆ ಬೇರೆ ದಾರಿ ಇರಲಿಲ್ಲ, ಕೊಟ್ಟ. ಮಂಡಿ ಸವೆಯುವವರೆಗೆ ಅಲ್ಲೇ ಆಡಿದೆ. ಗ್ರೆಗ್ ದೇಶಕ್ಕೆ ವಾಪಸು ಹೋಗುವ ಮೊದಲು ಒಂದು ಶುಕ್ರವಾರ ಬಂದು ಮೈದಾನದ ಬದಿಯಲ್ಲಿ ನಿಂತ. ನಾನು ಚೆಂಡು ಹಿಡಿದಾಗ ಚಪ್ಪಾಳೆ ತಟ್ಟಲಿಲ್ಲ. ಬಿಟ್ಟಾಗ ಜೋರಾಗಿ ಬೈದ.

ಈಗ ನಾವು ಫಿಂಟಾಸಿನಲ್ಲೇ ಇದ್ದೇವೆ, ಸ್ವಂತ ಪಾಯಿಖಾನೆಯ ಫ್ಲ್ಯಾಟಿನಲ್ಲಿ. ಮಕ್ಕಳಿಗೆ ಕೊಂಕಣಿ, ಕನ್ನಡ ಎರಡೂ ಅರ್ಥವಾಗುತ್ತವೆ. ಉತ್ತರ ಇಂಗ್ಲಿಷಿನಲ್ಲಿ ಬರುತ್ತದೆ. ಈ ದೇಶ ನನ್ನನ್ನು ಇಂದಿಗೂ ಒಂದು ಇಕಾಮಾದ ಅವಧಿಯಷ್ಟೇ ನಂಬುತ್ತದೆ. ನಾನೂ ಅದನ್ನು ಅಷ್ಟೇ ನಂಬುತ್ತೇನೆ.

ಹೋದ ರಜೆಯಲ್ಲಿ ಅಕ್ಕನ ಮಗಳ ಮದುವೆಗೆ ಊರಿಗೆ ಹೋಗಿದ್ದೆವು. ಮದುವೆಯ ಹಿಂದಿನ ದಿನ ರೋಸ್ – ಮದುಮಗಳಿಗೆ ತೆಂಗಿನ ಹಾಲು ಹಚ್ಚುವ ಶಾಸ್ತ್ರ – ಮುಗಿದು ಊಟಕ್ಕೆ ಕೂತಿದ್ದಾಗ ಭಾವ, ಅಕ್ಕನ ಗಂಡ, ಎಲ್ಲರಿಗೂ ಕೇಳುವ ಹಾಗೆ ಕುವೈತನ್ನು ಬೈಯಲು ಶುರು ಮಾಡಿದರು. ಮರಳು, ಧೂಳು, ದುಡ್ಡಿನ ಸೊಕ್ಕು, ಮನುಷ್ಯರಿಗೆ ಬೆಲೆ ಇಲ್ಲದ ಜಾಗ. ಒಂದೊಂದೂ ನನ್ನದೇ ಮಾತು. ಎಷ್ಟೋ ಸಲ ನಾನೇ ಫೋನಿನಲ್ಲಿ ಅವರಿಗೆ ಹೇಳಿದ್ದು. ಆದರೂ ನನ್ನ ಕೈ ತಟ್ಟೆಯಲ್ಲೇ ನಿಂತಿತು.

"ನೀವು ಅಲ್ಲಿ ಒಂದು ದಿನ ಇದ್ದೀರಾ ಭಾವ?" ಎಂದೆ. ದನಿ ಏರಿತ್ತು. "ಇಲ್ಲದವರು ಮಾತಾಡಬೇಡಿ."

"ಅಷ್ಟು ಪ್ರೀತಿ ಇದ್ದರೆ ಅಲ್ಲೇ ಇರು, ಇಲ್ಲಿಗೆ ಎಂತಕ್ಕೆ ಬರುದು?" ಎಂದರು ಭಾವ.

ನಾನು ಊಟ ಬಿಟ್ಟು ಎದ್ದೆ. ಸಿಂತಿಯಾ ಹಿಂದೆಯೇ ಅಂಗಳಕ್ಕೆ ಬಂದು ಕೈತೊಳೆಯಲು ನೀರು ಹೊಯ್ದಳು. ಹೊಯ್ಯುತ್ತಲೇ ಕೇಳಿದಳು:

"ಈಗ ನೀವು ಯಾರ ಕಡೆಯಿಂದ ಜಗಳ ಮಾಡಿದ್ದು?"

ಸಿಟ್ಟು ಇನ್ನೂ ಇಳಿದಿರಲಿಲ್ಲ. ಬಾಯಿ ತೆರೆದೆ. ನಮ್ಮ ಕಡೆಯಿಂದ ಎಂದು ಹೇಳಲು ಹೊರಟವನಿಗೆ, 'ನಮ್ಮ' ಎಂದರೆ ಯಾರು ಎಂದು ಗೊತ್ತಾಗಲಿಲ್ಲ. ಅವಳು ಬಿಂದಿಗೆ ಕೆಳಗಿಟ್ಟು ನನ್ನ ಪಕ್ಕದಲ್ಲೇ ಜಗಲಿಯ ಮೇಲೆ ಕೂತಳು.