ಖೈರಮ್ಮನ ರವಿವಾರದ ಕಥೆ

ಕುಕ್ಕರನ್ನು ಸ್ಟೌ ಮೇಲಿಟ್ಟು ಮನೆ ಬಿಟ್ಟು ಓಡಿಬರುವ ಹೆಂಗಸೆಂದರೆ ನನ್ನ ತಿಳಿವಳಿಕೆಯಲ್ಲಿ ಖೈರಮ್ಮ ಒಬ್ಬಳೇ. ಓಣಿಗೆ ಬಂದು, ಸೆರಗನ್ನು ಬಾಯಿಗೆ ಒತ್ತಿಕೊಂಡು, ತನ್ನ ಮನೆಯನ್ನೇ ಕಳ್ಳರ ಮನೆಯ ಹಾಗೆ ದಿಟ್ಟಿಸುತ್ತ ನಿಲ್ಲುತ್ತಿದ್ದಳು. ಸೀಟಿ ಹೊಡೆಯಿತೋ, "ಯಾ ಅಲ್ಲಾ" ಅಂತ ನಮ್ಮ ಕಟ್ಟೆ ಏರಿಬಿಡುತ್ತಿದ್ದಳು. ಒಳಗೆ ಹೋಗಿ ಸ್ಟೌ ಆರಿಸಿ ಬರುವುದು ನನ್ನ ಕೆಲಸ. ನಾನು ಶಾಲೆಯಿಂದ ಬರುವುದು ತಡವಾದ ದಿನ ಅವರ ಮನೆಯಲ್ಲಿ ಅನ್ನ ಮುದ್ದೆಯಾಗಿರುತ್ತಿತ್ತು.

ರಾಯಚೂರಿನ ಆ ಓಣಿಯಲ್ಲಿ ಅವರ ಮನೆಗೂ ನಮ್ಮ ಮನೆಗೂ ಒಂದೇ ಗೋಡೆ. ಖೈರಮ್ಮನ ತವರು ಮಾನ್ವಿ. ಗಂಡ ಗಫೂರ್ ಸಾಬ್ ಊರೂರ ಸಂತೆಗೆ ಬಟ್ಟೆಯ ಗಂಟು ಹೊತ್ತು ಹೋಗುವವರು. ವಾರದಲ್ಲಿ ಎರಡು ದಿನ ಮನೆಯಲ್ಲಿದ್ದರೆ ಹೆಚ್ಚು. ನಮ್ಮಪ್ಪ ಗಬ್ಬೂರಿನವನು, ಕುರಿ ವ್ಯಾಪಾರಿ. ಚಂದ್ರಬಂಡ, ದೇವದುರ್ಗದ ಕಡೆಯಿಂದ ಕುರಿ ಹೊಡೆದುಕೊಂಡು ಬಂದು ರಾಯಚೂರಿನಲ್ಲಿ ಮಾರುತ್ತಿದ್ದ. ಖೈರಮ್ಮನಿಗೆ ಹಲ್ಲಿ ಅಂದರೆ ಅಂಜಿಕೆ, ಗುಡುಗು ಅಂದರೆ ಅಂಜಿಕೆ, ಬಾಗಿಲಲ್ಲಿ ಅಂಚೆಯವನು ನಿಂತರೆ ಅಂಜಿಕೆ. ಒಮ್ಮೆ ಮಾನ್ವಿಯಿಂದ ತಾರು ಬಂದಾಗ ಒಡೆಯುವ ಮೊದಲೇ ಅತ್ತು ಮುಗಿಸಿದಳು; ನೋಡಿದರೆ ತಮ್ಮನಿಗೆ ಗಂಡು ಮಗು ಹುಟ್ಟಿತ್ತು. ನಾನು ನಕ್ಕರೆ ಸಿಟ್ಟು ಮಾಡಿಕೊಳ್ಳದೆ, "ಅಂಜಿಕಿ ಅಂದ್ರ ಉಪ್ಪಿದ್ದಂಗ ಬೇಟಿ. ಎಲ್ಲಾರ ಮನ್ಯಾಗೂ ಇರ್ತದ. ನಮ್ಮನ್ಯಾಗ ಒಂದೀಟು ಕೈ ಜಾಸ್ತಿ ಬಿದ್ದದ" ಅನ್ನುತ್ತಿದ್ದಳು.

ಇಂಥವಳ ಮನೆಗೇ ನಮ್ಮ ಓಣಿಯ ಮೊದಲ ಟೀವಿ ಬಂತು. ಗಫೂರ್ ಸಾಬರು ಅದನ್ನು ಹೈದರಾಬಾದಿನಿಂದ ರೈಲಿನಲ್ಲಿ ತಂದಿದ್ದರು. ಅದು ಸಿಡಿಯುತ್ತದೆಂದು ಖೈರಮ್ಮನಿಗೆ ಯಾರೋ ಹೇಳಿಬಿಟ್ಟಿದ್ದರು. ಹಾಗಾಗಿ ಟೀವಿ ಹಚ್ಚಿದಾಗಲೆಲ್ಲ ಬಾಗಿಲ ಬಳಿ ಒಂದು ಬಕೀಟು ನೀರು ತುಂಬಿಡುತ್ತಿದ್ದಳು. ಆಗಾಗ ಕರೆಂಟು ಹೋದರೆ ಅವಳಿಗೇ ಸಮಾಧಾನ. "ಶಕ್ತಿನಗರದಾಗ ಕರೆಂಟು ಹುಟ್ಟತದ, ನಮ್ಮ ಓಣಿಗೆ ಬರೂದ್ರಾಗ ಸಾಯ್ತದ" ಅಂತ ನಗುತ್ತ ಬಕೀಟನ್ನು ಒಳಗೆ ಒಯ್ಯುತ್ತಿದ್ದಳು.

ಆ ವರ್ಷ ರವಿವಾರ ಬೆಳಿಗ್ಗೆ ಒಂದು ಹಿಂದಿ ಧಾರಾವಾಹಿ ಶುರುವಾಯಿತು. ಒಂದೇ ಕಾಲೇಜಿನ ಐದು ಮಂದಿ ಗೆಳೆಯರ ಕಥೆ: ಮೂವರು ಹುಡುಗರು, ಇಬ್ಬರು ಹುಡುಗಿಯರು. ಅವರಲ್ಲಿ ನೀತಾ ಅನ್ನುವವಳಿಗೆ ಕುತ್ತಿಗೆಯ ತನಕ ಕತ್ತರಿಸಿದ ಕೂದಲು. ಅವಳು ಹುಡುಗರ ಬೆನ್ನಿಗೆ ಗುದ್ದಿ ಮಾತಾಡುತ್ತಿದ್ದಳು, ಅಜಯ್ ಎಂಬವನ ಸ್ಕೂಟರಿನ ಹಿಂದೆ ಕೂರುತ್ತಿದ್ದಳು. ನಾನು ಹತ್ತನೆಯ ಇಯತ್ತೆ. ಓಣಿಯ ನಾಲ್ಕೈದು ಹುಡುಗಿಯರು ತಲೆಗೆ ನೀರು ಹಾಕಿಕೊಂಡು, ಒದ್ದೆ ಕೂದಲಲ್ಲೇ ಹೋಗಿ ಅಲ್ಲಿ ಚಾಪೆ ಹಿಡಿಯುತ್ತಿದ್ದೆವು. ಶಾಲೆಯಲ್ಲಿ ಹಿಂದಿ ಇತ್ತು ನಿಜ. ಆದರೆ ನಮ್ಮ ಪಾಠದ ಹಿಂದಿ ನಡೆದು ಹೋಗುತ್ತಿತ್ತು, ಟೀವಿಯವರ ಹಿಂದಿ ಬಸ್ಸು ಹಿಡಿಯಲು ಓಡುತ್ತಿತ್ತು. ಒಂದಕ್ಷರ ತಿಳಿಯುತ್ತಿರಲಿಲ್ಲ. ಮನೆಯಲ್ಲಿ ದಖ್ಖನಿ ಮಾತಾಡುವ ಖೈರಮ್ಮನೇ ನಮಗೆ ಗತಿ.

ಅವಳು ಕಥೆಯನ್ನು ಎರಡು ಸಲ ಹೇಳುತ್ತಿದ್ದಳು. ರವಿವಾರ ನಮ್ಮವ್ವನಂಥ ದೊಡ್ಡವರೂ ಬಂದು ಕೂತಿರುತ್ತಿದ್ದರಲ್ಲ, ಅವರಿಗೆ ಹೇಳುವ ಕಥೆಯೇ ಬೇರೆ. ನೀತಾ ಸ್ಕೂಟರಿನ ಮೇಲೆ ಅಜಯನ ಸೊಂಟ ಹಿಡಿದಾಗ ಖೈರಮ್ಮ ಕಣ್ಣು ಪಿಳುಕಿಸದೆ, "ಅಣ್ಣ-ತಂಗಿ ರೀ. ತಾಯಿಗೆ ಹುಷಾರಿಲ್ಲ, ದವಾಖಾನಿಗೆ ಹೊಂಟಾರ" ಅಂದಳು. ಅಂದಿನಿಂದ ಅವ್ವ ಪ್ರತಿ ವಾರ ಬಂದು ಕೂತ ಕೂಡಲೇ, "ಅವರ ತಾಯಿಗೆ ಈಗ ಹೆಂಗದ?" ಅಂತ ಕೇಳುವಳು. ಖೈರಮ್ಮ ಆ ಇಲ್ಲದ ತಾಯಿಯನ್ನು ವಾರವಾರವೂ ಗುಣಪಡಿಸುತ್ತ, ಮತ್ತೆ ಕೆಡಿಸುತ್ತ ಕಾಪಾಡಬೇಕಾಯಿತು. ನಿಜವಾದ ಕಥೆ ಸೋಮವಾರ ಸಂಜೆ, ಹಿತ್ತಲ ಮೋಟುಗೋಡೆಯ ಆಚೆ ಈಚೆ ನಿಂತು, ಪಿಸುದನಿಯಲ್ಲಿ. ಅಜಯ್ ಏನಂದ, ನೀತಾ ಯಾಕೆ ಮುಖ ತಿರುಗಿಸಿದಳು, ಎಲ್ಲ. ಹೇಳುವಾಗ ನಡುನಡುವೆ ಹಿಂದೆ ತಿರುಗಿ ನೋಡುತ್ತಿದ್ದಳು. ಕೇಳುವಾಗ ನಾನೂ ನೋಡುತ್ತಿದ್ದೆ.

ನಗೆಯ ಮಾತಲ್ಲ, ನನಗೆ ನಿಜವಾಗಿ ಭಯವಿತ್ತು. ಹಿಂದಿನ ಬೇಸಿಗೆಯಲ್ಲಿ ನಮ್ಮ ಓಣಿಯ ಸಾವಿತ್ರಿ ಸೈಕಲ್ ಅಂಗಡಿಯ ಹುಡುಗನೊಡನೆ ನಗುತ್ತ ನಿಂತಿದ್ದನ್ನು ಅವಳ ಅಣ್ಣ ನೋಡಿದ್ದ. ಮರುದಿನದಿಂದ ಶಾಲೆ ಬಂದ್. ತಿಂಗಳು ತುಂಬುವುದರೊಳಗೆ ದೇವದುರ್ಗದ ಕಡೆ ಯಾವುದೋ ಹಳ್ಳಿಗೆ ಕೊಟ್ಟು ಕೈ ತೊಳೆದುಕೊಂಡರು. ಅವಳ ಜಾಗದಲ್ಲಿ ಬೆಂಚಿನ ಮೇಲೆ ನಾನು ನನ್ನ ಚೀಲ ಇಡುತ್ತಿದ್ದೆ. ನನಗೂ ಗಂಡು ಗೊತ್ತಾಗಿದ್ದ. ಅವ್ವನ ತಮ್ಮ ಯಲ್ಲಪ್ಪ, ನನಗಿಂತ ಹದಿನಾಲ್ಕು ವರ್ಷ ದೊಡ್ಡವನು, ಸೊಲ್ಲಾಪುರ-ಮುಂಬೈ ಲಾರಿಯ ಡ್ರೈವರ. ಕೆಟ್ಟವನಲ್ಲ, ಪಾಪ. ಆದರೆ ನಾನು ಮಾಸ್ತರಿಣಿಯಾಗಬೇಕು ಅಂದುಕೊಂಡಿದ್ದೆ. ಹತ್ತನೆಯ ಪರೀಕ್ಷೆಗೆ ನನ್ನನ್ನು ಕೂಡಿಸಬೇಕೋ, ಅದಕ್ಕೂ ಮೊದಲೇ ಅಕ್ಕಿಕಾಳು ಹಾಕಿಬಿಡಬೇಕೋ ಅಂತ ಅಪ್ಪ ಇನ್ನೂ ಬಾಯಿ ಬಿಟ್ಟಿರಲಿಲ್ಲ. ಅಪ್ಪ ಎಂದೂ ಕೈ ಎತ್ತಿದವನಲ್ಲ. ತಲೆಯ ರುಮಾಲು ಬಿಚ್ಚಿ ತೊಡೆಯ ಮೇಲಿಟ್ಟುಕೊಂಡು ಒಂದು ಮಾತು ಹೇಳಿದನೆಂದರೆ ಮುಗಿಯಿತು, ಆಮೇಲೆ ದೇವರು ಬಂದರೂ ಅದು ಬದಲಾಗುತ್ತಿರಲಿಲ್ಲ.

ಗಂಜ್ ಮಾರುಕಟ್ಟೆಯಲ್ಲಿ ಅಪ್ಪನ ಕಿವಿಗೆ ಯಾರೋ ಊದಿದರು. ಊಟಕ್ಕೆ ಕೂತಾಗ ಅಪ್ಪ ನನ್ನ ಮುಖ ನೋಡದೆಯೇ ಅಂದ: "ಟೀವ್ಯಾಗ ಹುಡುಗ-ಹುಡುಗೀರು ಮೈಮ್ಯಾಲೆ ಬಿದ್ದು ಕುಣೀತಾರಂತ. ನೀ ತಪ್ಪದ ನೋಡ್ತೀಯಂತ. ಬರೂ ರವಿವಾರ ನಾನೂ ಬರ್ತೀನಿ. ಯಲ್ಲಪ್ಪನೂ ಬರ್ತಾನ. ಅವಗ ಹಿಂದಿ ಬರ್ತದ. ನೋಡಿ, ಆಮ್ಯಾಲ ನಿನ್ನ ಸಾಲಿ ವಿಚಾರ ಮಾಡೂಣು."

ನಾನು ರೊಟ್ಟಿ ಅರ್ಧಕ್ಕೆ ಬಿಟ್ಟು ಎದ್ದೆ. ಗೋಡೆಗೆ ಓಡಿ ಖೈರಮ್ಮನಿಗೆ ಹೇಳಿದೆ. ಅವಳ ಮುಖ ಸುಣ್ಣವಾಯಿತು. "ನಕ್ಕೋ ಬೇಟಿ, ಬ್ಯಾಡ, ನನ್ನ ಕೈಲಿ ಆಗೂದಿಲ್ಲ. ಹಿಂದಿ ಬರಾವನ ಮುಂದ ನಾ ಹೆಂಗ ಸುಳ್ಳು ಹೇಳ್ಲಿ? ಖೈರಮ್ಮಗ ಜ್ವರ ಬಂದದ ಅಂತ ಹೇಳಿಬಿಡು" ಅಂದಳು. ಕೈ ಹಿಡಿದರೆ ನಿಜವಾಗಿಯೂ ಸುಡುತ್ತಿತ್ತು.

ರವಿವಾರ ಅಪ್ಪ ಮತ್ತು ಯಲ್ಲಪ್ಪ ಟೀವಿಯ ಮುಂದಿನ ಮಂಚದ ಮೇಲೆ ಕೂತರು. ಗಂಡಸರು ಬಂದರೆ ಖೈರಮ್ಮ ಒಳಮನೆಯ ಬಾಗಿಲ ಪರದೆಯ ಹಿಂದೆ ನಿಲ್ಲುವುದು ರೂಢಿ. ಅಂದೂ ನಿಂತಳು. ಪರದೆಯ ಅಂಚಿನಲ್ಲಿ ಅವಳ ನಾಲ್ಕು ಬೆರಳು ಕಾಣುತ್ತಿದ್ದವು. ನಮ್ಮ ನಸೀಬು ನೋಡಿ, ಅಂದು ಕಾಲೇಜೂ ಇಲ್ಲ, ಸ್ಕೂಟರೂ ಇಲ್ಲ. ನೀತಾಳ ಮನೆ. ಕನ್ನಡಕದ ಅಪ್ಪ ಕಿಟಕಿಯ ಬಳಿ ನಿಂತು ಏನೋ ದೀರ್ಘವಾಗಿ ಹೇಳುತ್ತಿದ್ದಾನೆ, ನೀತಾ ತಲೆ ತಗ್ಗಿಸಿ ಅಳುತ್ತಿದ್ದಾಳೆ.

"ಏನಂತಾನ?" ಅಪ್ಪ ಪರದೆಯ ಕಡೆ ಕೇಳಿದ.

"ನಿನಗ ಗಂಡು ನೋಡೀನಿ ಅಂತಾನ ರೀ. ಛಲೋ ಮನಿತನ ಅಂತಾನ."

"ಆಕಿ?"

ಪರದೆಯ ಕಡ್ಡಿಯ ಮೇಲೆ ಉಂಗುರಗಳು ಕಿಣಿಕಿಣಿ ಅಂದವು. "ಆಕಿ ಅಂತಾಳ... ನೀ ಹೇಳ್ದಂಗ ಕೇಳ್ತೀನಿ ಯಪ್ಪಾ. ಆದ್ರ ಓದು ಅರ್ಧಕ್ಕ ಬಿಡಸಬ್ಯಾಡ. ಪರೀಕ್ಷಾ ಕೊಟ್ಟು, ನನ್ನ ಕಾಲ ಮ್ಯಾಲ ನಾ ನಿಂತು, ಆಮ್ಯಾಲ ನೀ ತೋರಿಸಿದಲ್ಲಿ ಹೋಗ್ತೀನಿ."

ಟೀವಿಯ ಅಪ್ಪ ಬಂದು ಮಗಳ ತಲೆಯ ಮೇಲೆ ಕೈಯಿಟ್ಟ. ನಮ್ಮಪ್ಪ ಮುಂದಕ್ಕೆ ಬಾಗಿದ. "ಆತ ಏನಂದ?"

 ಪರದೆ ಗಾಳಿಯಿಲ್ಲದೆ ಅಲುಗುತ್ತಿತ್ತು. ಆಮೇಲೆ ಅವಳು ಒಂದೇ ಉಸಿರಿಗೆ ಹೇಳಿದಳು: "ಓದು ಮಗಳ ಅಂದ ರೀ. ಎಷ್ಟು ಓದ್ತೀ ಅಷ್ಟು ಓದು, ಗಂಡು ಎಲ್ಲಿ ಓಡಿಹೊಕ್ಕಾನ ಅಂದ."

ಅಪ್ಪ ಯಲ್ಲಪ್ಪನ ಕಡೆ ತಿರುಗಿದ. "ಹೌದೇನಲೇ? ಹಂಗ ಅಂದ್ನಾ?"

 ಯಲ್ಲಪ್ಪ ಹಚ್ಚದ ಬೀಡಿಯನ್ನು ಬೆರಳಲ್ಲಿ ತಿರುಗಿಸುತ್ತ ಟೀವಿ ನೋಡಿದ, ಪರದೆ ನೋಡಿದ, ಚಾಪೆಯ ಮೇಲೆ ಮುದುಡಿ ಕೂತ ನನ್ನನ್ನೂ ನೋಡಿದ. "ಹ್ಞೂಂ ಮಾವಾ," ಅಂದ. "ಹಂಗ ಅಂದ."

"ಶಾಣ್ಯಾ ಇದ್ದಾನ," ಅಂದ ಅಪ್ಪ. ಎದ್ದು ಹೋಗುವಾಗ, "ಮುಂದಿನ ವಾರಾನೂ ಬರ್ತೀನಿ. ಮುಂದ ಏನಾಗ್ತದ ನೋಡೂಣು" ಅಂದು ಹೋದ.

ನಾನು ಹಿಗ್ಗಿ ಹೀರೆಕಾಯಿಯಾದೆ. ಆ ಹಿಗ್ಗು ಸೋಮವಾರದ ತನಕ ಮಾತ್ರ. ಗೋಡೆಯ ಬಳಿ ಖೈರಮ್ಮನ ತುಟಿ ಒಣಗಿ ಬಿಳಿಚಿತ್ತು. "ಆತ ಹಂಗ ಅನ್ನಲೇ ಇಲ್ಲ ಬೇಟಿ. ನನ್ನ ಮರ್ಯಾದಿ ನಿನ್ನ ಕೈಯಾಗ ಅದ, ಕಾಲೇಜು ಬಿಡು ಅಂದ. ಆಕಿ ಆಗ್ಲಿ ಅಂದ್ಲು. ಬರೂ ವಾರ ಲಗ್ನ ತೋರಿಸ್ತಾರ. ಮಾತಾದ್ರ ನಾ ತಿರುವೇನು, ಲಗ್ನಾ ಹೆಂಗ ತಿರುವ್ಲಿ? ಬಾಸಿಂಗ ಕಟಗೊಂಡು ಕುಂತಾಕಿನ್ನ ಓದಾಕ ಹೊಂಟಾಳ ಅನ್ಲಾ?"

ಆ ವಾರದಷ್ಟು ಉದ್ದದ ವಾರ ನನ್ನ ಆಯುಷ್ಯದಲ್ಲಿ ಮತ್ತೊಂದು ಬಂದಿಲ್ಲ. ಖೈರಮ್ಮ ದರ್ಗಾಕ್ಕೆ ಸಕ್ಕರೆ ಹರಕೆ ಹೊತ್ತಳು. ಆಂಟೆನಾದ ತಂತಿ ಕಿತ್ತುಬಿಡೋಣವೆಂದು ಮಾಳಿಗೆಯ ಏಣಿಗೆ ಕಾಲಿಟ್ಟು, ಕರೆಂಟು ಹೊಡೆದೀತೆಂದು ಇಳಿದಳು. ಹಾಳು ಕರೆಂಟು ಅದೊಂದು ವಾರ ಒಮ್ಮೆಯೂ ಹೋಗಲಿಲ್ಲ. ಮನೆಯಲ್ಲಿ ಅಪ್ಪ ನನ್ನನ್ನು ಕರೆದು, "ಪರೀಕ್ಷಾ ಯಾವಾಗ?" ಅಂತ ಕೇಳಿದ. ತಾರೀಕು ಹೇಳಿ ಅಡಿಗೆಮನೆಗೆ ಓಡಿದೆ. ಸುಳ್ಳು ಬಯಲಾದರೆ ನನ್ನ ಶಾಲೆ ಹೋಗುತ್ತಿತ್ತು. ಅಷ್ಟೇ ಅಲ್ಲ, ಹೆಂಡತಿ ನೆರೆಮನೆಯ ಗಂಡಸಿಗೆ ಸುಳ್ಳು ಹೇಳಿ ಅವನ ಮಗಳ ಲಗ್ನ ತಪ್ಪಿಸಿದಳು ಎಂಬ ಮಾತು ಗಫೂರ್ ಸಾಬರ ತನಕ ಹೋದರೆ ಖೈರಮ್ಮನ ಗತಿ ಏನು? 

ರವಿವಾರ ಅಪ್ಪ ಮೊದಲೇ ಬಂದು ಕೂತ. ಯಲ್ಲಪ್ಪ ಲಾರಿಯ ಮೇಲೆ ಹೋಗಿದ್ದ, ಅವನ ಬದಲು ಅವ್ವ ಬಂದಳು. ಪರದೆಯ ಹಿಂದೆ ಬಳೆಗಳ ಸದ್ದು. ಜಾಹೀರಾತು ಮುಗಿದವು. ಟೀವಿಯಲ್ಲಿ ಮುಡಿಗೆ ಹೂವಿಟ್ಟ ನಿರೂಪಕಿ ಬಂದು ನಗುತ್ತ ನಾಲ್ಕು ಮಾತಾಡಿ ಕೈ ಮುಗಿದಳು. ಆಮೇಲೆ ಯಾವುದೋ ಗುಡ್ಡಗಾಡಿನ ಮಂದಿ ಡೋಲು ಬಡಿದು ಕುಣಿಯತೊಡಗಿದರು. ಕುಣಿದರು, ಕುಣಿದರು, ಕುಣಿಯುತ್ತಲೇ ಇದ್ದರು.

"ಏನಂದ್ಲು ಆಕಿ?" ಅಪ್ಪ ಕೇಳಿದ.

"ಬಂದಾತಂತ ರೀ," ಖೈರಮ್ಮನ ದನಿ ಎಲ್ಲೋ ಬಾವಿಯೊಳಗಿಂದ ಬಂತು. "ಆ ಕಥಿ ಇನ್ನ ತೋರ್ಸೂದಿಲ್ಲಂತ." ಹಿಂದೆಯೇ ದೊಪ್ಪನೆ ಸದ್ದು. ನಾನು ಪರದೆ ಸರಿಸಿ ನೋಡಿದರೆ ನೆಲದ ಮೇಲೆ ಕೂತು, ಬಾಯಿಗೆ ಸೆರಗು ತುರುಕಿಕೊಂಡು ನಗುತ್ತಿದ್ದಳು, ಕಣ್ಣಲ್ಲಿ ಧಾರಾಕಾರ ನೀರು.

ಎರಡು ತಿಂಗಳೂ ಓಡದ ಧಾರಾವಾಹಿ ಅದು. ದಿಲ್ಲಿಯವರಿಗೆ ಯಾಕೆ ಬೇಡವಾಯಿತೋ ತಿಳಿಯದು. ಉಳಿದ ಹುಡುಗಿಯರು ನೀತಾಳ ಸಲುವಾಗಿ ಹಳಹಳಿಸಿದರು. ನಾನು ಪರೀಕ್ಷೆಗೆ ಕೂತೆ, ಪಾಸಾದೆ, ಟೀಚರ್ ತರಬೇತಿ ಮುಗಿಸಿದೆ, ಮಾನ್ವಿಯ ಹತ್ತಿರದ ಹಳ್ಳಿಯೊಂದರ ಶಾಲೆಗೆ ಸೇರಿದೆ. ಯಲ್ಲಪ್ಪ ದೇವದುರ್ಗದ ಹೆಣ್ಣನ್ನು ಮದುವೆಯಾದ.

ಆದರೆ ಖೈರಮ್ಮನ ಭಯ ಅಲ್ಲಿಗೆ ನಿಲ್ಲಲಿಲ್ಲ. ಅಪ್ಪ ಓಣಿಯ ಆ ತುದಿಯಲ್ಲಿ ಕಂಡರೆ ಸಾಕು, ಈ ತುದಿಯಲ್ಲಿ ಅವಳು ಮಾಯ. ನಾನು ರಜೆಗೆ ಬಂದಾಗಲೆಲ್ಲ ಗೋಡೆಯ ಬಳಿ ಮೊದಲ ಪ್ರಶ್ನೆ ಅದೇ: "ನಿಮ್ಮಪ್ಪಗ ಗೊತ್ತಾಗಿಲ್ಲ ಹೌದಿಲ್ಲೋ?" ಕೊನೆಯ ಸಲ ಕಂಡಾಗ ಅವಳು ಹಾಸಿಗೆ ಹಿಡಿದಿದ್ದಳು. ಯಾವ ಬೇನೆಯೆಂದು ದವಾಖಾನೆಯವರು ಹೇಳಿದ್ದರೂ ಮನೆಯವರು ಅವಳಿಗೆ ಹೇಳಿರಲಿಲ್ಲ, ಅಂಜುತ್ತಾಳೆಂದು. ನನ್ನ ಕೈಯನ್ನು ಎದೆಯ ಮೇಲಿಟ್ಟುಕೊಂಡು ಆಗಲೂ ಅದನ್ನೇ ಕೇಳಿದಳು. ಇಲ್ಲ ಅಂದೆ. "ಗೊತ್ತಾದ್ರ ಈಗೂ ನಿನ್ನ ನೌಕರಿ ಬಿಡಸ್ತಾನ. ಯಾರಿಗೂ ಹೇಳಬ್ಯಾಡ" ಅಂದಳು. ಅದಾಗಿ ಎಂಟು ದಿನಕ್ಕೆ ಹೋಗಿಬಿಟ್ಟಳು.

ಸುದ್ದಿ ತಿಳಿದು ನಾನು ಬಂದೆ. ಅಪ್ಪ ಮಣ್ಣಿಗೆ ಹೋಗಿ ಬಂದು ಕಟ್ಟೆಯ ಮೇಲೆ ಕೂತ. ನಾನು ಅವನ ಕಾಲಿಗೆ ನೀರು ಹಾಕುತ್ತಿದ್ದೆ.

"ಭಾಳ ಅಂಜುಗುಳಿ ಹೆಣ್ಮಗಳು," ಅಂದ ಅಪ್ಪ. "ಆವತ್ತು ಟೀವಿ ಮುಂದ ಪರದಾ ನಡಗೂದು ನೋಡಿ ನನಗ ಅನುಮಾನ ಬಂದಿತ್ತು. ಸಂಜೀಕ ಯಲ್ಲಪ್ಪನೂ ಹೇಳಿದ. ಅಲ್ಲಿ ಅಂದಿದ್ದು ಒಂದು, ಈಕಿ ಹೇಳಿದ್ದು ಒಂದು ಅಂತ."

ನನ್ನ ಕೈಯಲ್ಲಿನ ಚೊಂಬು ಸುಮ್ಮನೆ ಸುರಿಯುತ್ತಿತ್ತು. "ಗೊತ್ತಿದ್ದೂ ನೀ ನನ್ನ ಓದಾಕ ಬಿಟ್ಟೇನಪ್ಪಾ?"

"ಅಷ್ಟು ಅಂಜಾಕಿ ನನ್ನ ಎದುರಿಗೇ ಸುಳ್ಳು ಹೇಳ್ಯಾಳಂದ್ರ ಅದರಾಗ ಏನರೆ ಇರ್ಬೇಕು ಅನಿಸ್ತು."

ನನಗೆ ಸಿಟ್ಟು ಬಂತು, ಅಳುವೂ ಬಂತು. "ಹಂಗಿದ್ರ ಆಕಿಗೆ ಒಂದು ಮಾತು ಹೇಳಬಾರದಿತ್ತಾ? ಸಾಯೂತನಕ ನಿನಗ ಅಂಜಿದ್ಲಲ್ಲೋ ಯಪ್ಪಾ."

ಅಪ್ಪ ರುಮಾಲಿನಿಂದ ಕಾಲು ಒರೆಸಿಕೊಂಡ.

"ಎರಡು ಸಲ ಹೋಗಿದ್ನಿ ಹೇಳಾಕ," ಅಂದ. "ನನ್ನ ಕಂಡು ಬಾಗಲಾ ಹಾಕ್ಕೊಂಡ್ಲು."