ಮೇಷ್ಟ್ರ ಪಾಲಿನ ಮುದ್ದೆ

ನಾನು ಮೂರನೇ ಕ್ಲಾಸು ದಾಟಿದವಳಲ್ಲ. ಆದರೂ ಇದನ್ನು ನಾನೇ ಬರೆಯಬೇಕು. ಮೊಮ್ಮಗಳು ಹುಟ್ಟಿದ ಸಂತೋಷ ಹೊಟ್ಟೆಯಲ್ಲಿ ನಿಲ್ಲುತ್ತಿಲ್ಲ!

ನಾವು ಗುಬ್ಬಿಯವರು. ಎಪ್ಪತ್ತೆರಡು ಎಪ್ಪತ್ಮೂರನೇ ಇಸವಿಯ ಮಾತು, ಈಗ್ಗೆ ಹದಿನೆಂಟು ವರ್ಷ ಆಯಿತು. ಎಂಟು ವರ್ಷದ ನನ್ನ ಮಗಳಿಗೆ ವಿಪರೀತ ಉಬ್ಬಸ. ಡಾಕ್ಟರ ಮಾತ್ರೆ ನಡೆಯುತ್ತಿತ್ತು, ಆದರೂ ಎರಡು ಮೆಟ್ಟಿಲು ಹತ್ತಿದರೆ ಎದೆ ಸೀಟಿ ಹೊಡೆಯುತ್ತಿತ್ತು. ಇವಳು ಉಳಿದು ದೊಡ್ಡವಳಾಗುತ್ತಾಳೋ ಇಲ್ಲವೋ ಅನ್ನುವುದೊಂದೇ ನನ್ನ ಚಿಂತೆ.

ಆಗ ಪ್ರತಿ ಭಾನುವಾರ ಕುಣಿಗಲ್ಲಿನಿಂದ ಯೋಗದ ಮೇಷ್ಟ್ರೊಬ್ಬರು ಬರುತ್ತಿದ್ದರು. ಮೊದಲ ಬಸ್ಸು ಹಿಡಿದು, ತುಮಕೂರಿನಲ್ಲಿ ಬಸ್ಸು ಬದಲಿಸಿ ಬಂದು, ನಮ್ಮೂರ ಛತ್ರದ ಜಗುಲಿಯನ್ನು ತಾವೇ ಗುಡಿಸಿ ಚಾಪೆ ಹಾಸುತ್ತಿದ್ದರು. ಕಾಸು ಮುಟ್ಟುತ್ತಿರಲಿಲ್ಲ. ಕೊಡಲೇಬೇಕು ಅಂದವರು ಒಂದು ಹಿಡಿ ರಾಗಿ ತರಬೇಕು. ಅದು ಬಡಮಕ್ಕಳ ಹಾಸ್ಟೆಲಿಗೆ ಹೋಗುತ್ತಿತ್ತು.

ಅವರ ಕಟ್ಟಪ್ಪಣೆ ಒಂದೇ, ಖಾಲಿ ಹೊಟ್ಟೆಯಲ್ಲಿ ಬರಬೇಕು. ಹೆತ್ತವಳಿಗೆ ಮನಸ್ಸು ಬಂದೀತೇ? ಮೊದಲೇ ಕಡ್ಡಿಯಂಥ ಕೂಸು. ತಂಗಳು ಮುದ್ದೆಯನ್ನು ಮಜ್ಜಿಗೆಗೆ ಕಿವುಚಿ ಕುಡಿಸಿ, "ಮೇಷ್ಟ್ರಿಗೆ ಹೇಳ್ಬೇಡ ಕಣೇ" ಅಂತ ಬಾಯಿ ಒರೆಸಿ ಕರೆದುಕೊಂಡು ಹೋದೆ. ಅವಳು ಮುಂದಕ್ಕೆ ಬಗ್ಗಿದ್ದೇ ತಡ, ಕುಡಿದದ್ದೆಲ್ಲ ಮೇಷ್ಟ್ರ ಪಂಚೆಯ ಮೇಲೆ! ಕೆಮ್ಮು, ಏದುಸಿರು. ಅವರು ಬೆನ್ನು ನೀವಿ ಕೂರಿಸಿದರು. ಉಸಿರು ತಹಬದಿಗೆ ಬಂದ ಮೇಲೆ, ನಾನು ಬೇಡ ಬೇಡ ಅಂದರೂ, ನೆಲ ಒರೆಸಿದವರೂ ಅವರೇ.

"ಏನ್ ತಾಯಿ, ಮುದ್ದೆ ಕೊಟ್ರಾ?"

"ತಪ್ಪಾಯ್ತು ಮೇಷ್ಟ್ರೆ. ಖಾಲಿ ಹೊಟ್ಟೇಲಿ ತಲೆ ತಿರುಗಿ ಬಿದ್ಬಿಟ್ರೆ ಅಂತ..."

"ನಾನೂ ಖಾಲಿ ಹೊಟ್ಟೇಲೇ ಬಂದಿದೀನಿ, ಬಿದ್ನಾ? ಮುಂದಿನ ವಾರ ಮುದ್ದೇನ ಇಲ್ಲಿಗೇ ತನ್ನಿ. ಪಾಠ ಮುಗಿದ್ಮೇಲೆ ಇವಳಿಗೊಂದು, ನಂಗೊಂದು."

ಅಂದಿನಿಂದ ಅದೇ ಪದ್ಧತಿ. ಡಾಕ್ಟರು ಹೇಳುವ ತನಕ ಮಾತ್ರೆ ಬಿಡಿಸಬೇಡಿ ಅಂತಲೂ ಮೇಷ್ಟ್ರು ಹೇಳಿದರು. ವರ್ಷಗಟ್ಟಲೆ ಇಬ್ಬರೂ ಜಗುಲಿಯಲ್ಲಿ ಎದುರುಬದುರು ಕೂತು ಮುದ್ದೆ ಮುರಿದರು. ಎದೆಯ ಸೀಟಿ ಕಡಿಮೆಯಾಗುತ್ತ ಬಂತು.

ಮೊನ್ನೆ ತುಮಕೂರಿನ ಆಸ್ಪತ್ರೆಯಲ್ಲಿ ಆ ಮಗಳಿಗೇ ಹೆರಿಗೆ. ಎಲ್ಲಿ ಉಸಿರು ಸಿಕ್ಕಿಕೊಳ್ಳುತ್ತದೋ ಅಂತ ಬಾಗಿಲಲ್ಲೇ ಸೆರಗು ಕಚ್ಚಿಕೊಂಡು ನಿಂತಿದ್ದೆ. ಕೂಸಿನ ಅಳು ಕೇಳಿತು. ಹಿಂದೆಯೇ ಮಗಳ ಗದರಿಕೆ: "ಅವ್ವಾ, ಎಲ್ಲೋದೆ? ಬಾ ಒಳಕ್ಕೆ!"

ಇವತ್ತು ಬೆಳಗ್ಗೆ ಮುದ್ದೆಯ ಡಬ್ಬಿ ಹಿಡಿದು ಕುಣಿಗಲ್ ಬಸ್ಸು ಹತ್ತಿದೆ. ಮೇಷ್ಟ್ರ ತಲೆ ಈಗ ಪೂರ್ತಿ ಬೆಳ್ಳಗಾಗಿದೆ. ಅವರ ಮನೆ ಬಾಗಿಲಲ್ಲೇ ಹೆರಿಗೆಯ ಸುದ್ದಿ ಹೇಳಿದೆ. ಕೂಸು ಗಂಡೋ ಹೆಣ್ಣೋ ಅಂತ ಕೇಳುವುದಕ್ಕೂ ಮೊದಲು, "ಮಗಳ ಉಸಿರು ಹೆಂಗಿದೆ?" ಅಂದರು.

"ನನ್ನೇ ಗದರೋವಷ್ಟಿದೆ ಮೇಷ್ಟ್ರೆ!"

"ಹಂಗಾದ್ರೆ ಡಬ್ಬಿ ಬಿಚ್ಚಿ ತಾಯಿ. ಪಾಠ ಈಗಷ್ಟೇ ಮುಗೀತು, ಹೊಟ್ಟೆ ಖಾಲಿಯಿದೆ."