ಮುನಿಯಪ್ಪ ಮಾಸ್ಟರ ‘ಇರು ಮಗಾ’

ದೆವ್ವ, ಅಶರೀರವಾಣಿ ಇವನ್ನೆಲ್ಲ ನಾನು ನಂಬುತ್ತಿರಲಿಲ್ಲ. ಅದಕ್ಕೆ ದೊಡ್ಡ ವಿಚಾರವಾದವೇನೂ ಕಾರಣವಲ್ಲ. ನಮ್ಮೂರಿನ ಅರ್ಧ ದೆವ್ವಗಳು ನಾನೇ ಆಗಿದ್ದೆ. ತಾತನ ತಿಥಿಯ ದಿನ ಹಿತ್ತಲ ಬಾಗಿಲ ಹಿಂದೆ ನಿಂತು, ತಾತನ ಥರವೇ ಕೆಮ್ಮಿ, “ವಡೆಗೆ ಉಪ್ಪೇ ಇಲ್ವಲ್ಲಮ್ಮಾ” ಅಂದಿದ್ದೆ. ಅತ್ತೆ ಪಾಯಸದ ಪಾತ್ರೆಯನ್ನೇ ಕೈಬಿಟ್ಟರು. ಆಮೇಲೆ ಬಿದ್ದ ಏಟಿಗಿಂತ ಪಾಯಸ ನೆಲದ ಪಾಲಾದದ್ದೇ ನನಗೆ ಹೆಚ್ಚು ನೋವು. ಇಂಥವನು ಹೇಳುವುದನ್ನು ನೀವು ನಂಬದಿದ್ದರೆ ತಪ್ಪಿಲ್ಲ. ಆದರೂ ಹೇಳಿಬಿಡುತ್ತೇನೆ.

ನಮ್ಮೂರು ಸೂಲಿಬೆಲೆಯ ಮುನಿಯಪ್ಪ ಮಾಸ್ಟರು ಸಿನಿಮಾ ಹೀರೋಗಳ ಬದಲಿಗೆ ಕುದುರೆಯಿಂದ, ಮಹಡಿಯಿಂದ, ಓಡುವ ಲಾರಿಯಿಂದ ಬಿದ್ದು ಬಿದ್ದೇ ಹಣ್ಣಾದವರು. ಆಮೇಲೆ ಬೇರೆಯವರನ್ನು ಜೋಪಾನವಾಗಿ ಬೀಳಿಸುವ ಮಾಸ್ಟರಾದರು. ತೆರೆಯ ಮೇಲೆ ಅವರ ಮುಖ ಒಮ್ಮೆಯೂ ಬರಲಿಲ್ಲ. ನಾನು ಚಿಕ್ಕವನಿದ್ದಾಗ ಟಾಕೀಸಿನಲ್ಲಿ ಹೀರೋ ಬಂದರೆ ನಮ್ಮವರು ಸುಮ್ಮನಿರುತ್ತಿದ್ದರು. ಅವನು ಬೆನ್ನು ತಿರುಗಿಸಿದನೋ, ಶಿಳ್ಳೆಯೋ ಶಿಳ್ಳೆ: “ಅಗೋ, ನಮ್ಮ ಮಾಸ್ಟ್ರ ಬೆನ್ನು!”

ಆ ಬೆನ್ನಿನ ಆಸೆಗೆ ನಾನೂ ಫೈಟರ್ ಆಗಲು ಹೊರಟು, ಅವರ ಮುಂದೆಯೇ ಕೊಟ್ಟಿಗೆಯ ಸೂರಿನಿಂದ ಹಾರಿ ಕಾಲು ಉಳುಕಿಸಿಕೊಂಡೆ. ಮಾಸ್ಟರು ಕಾಲು ನೀವುತ್ತಾ, “ನಿನಗೆ ಬಾಯಿ ಗಟ್ಟಿ ಕಣ್ಲಾ, ಕಾಲಲ್ಲ. ಅದ್ರಲ್ಲೇ ಬದುಕ್ಕೋ ಹೋಗು” ಅಂದರು.

ಬದುಕಿಕೊಂಡೆ, ಅದೂ ಅವರ ಬಾಯಿಂದಲೇ. ಗಂಟಲ ಆಪರೇಷನ್ ಆಗಿ ಮಾಸ್ಟರ ದನಿ ಪೂರ್ತಿ ಹೋಗಿಬಿಟ್ಟಿತು; ಬಾಯಿ ತೆರೆದರೆ ಬರೀ ಗಾಳಿ. ಅವರ ಮಗಳು ಭಾಗ್ಯಕ್ಕನೂ ಸ್ಟಂಟ್ ಮಾಡುವವಳೇ. ಚಿಕ್ಕಂದಿನಿಂದ ಅಪ್ಪ “ಬಾ ಮಗಾ” ಅಂದರಷ್ಟೇ ಹಾರಿ ಅಭ್ಯಾಸ. ನಿರ್ದೇಶಕರು ಮೈಕಿನಲ್ಲಿ ಎಷ್ಟು ಅರಚಿದರೂ ಅವಳ ಕಾಲು ಏಳದು. ಹಾಗಾಗಿ ಮಿಮಿಕ್ರಿ ಮಾಡಿಕೊಂಡಿದ್ದ ನನಗೆ ಕರೆ ಬಂತು. ಮಾಸ್ಟರು ಹೆಬ್ಬೆರಳು ಎತ್ತುತ್ತಿದ್ದರು, ನಾನು ಅವರ ದನಿಯಲ್ಲಿ ಕೂಗುತ್ತಿದ್ದೆ, ಅವಳು ಹಾರುತ್ತಿದ್ದಳು. ಯೂನಿಟ್ಟಿನಲ್ಲಿ ನನ್ನ ಹೆಸರು ‘ಬಾಡಿಗೆ ಬಾಯಿ’.

ಕೆಲವು ವರ್ಷಗಳ ಹಿಂದಿನ ಮಾತು. ನಮ್ಮೂರ ಹತ್ತಿರದ ವಿಜಯಪುರದಲ್ಲಿ ಬಾಗಿಲು ಹಾಕಿದ್ದ ಹಳೆಯ ರೇಷ್ಮೆ ಕಾರ್ಖಾನೆಯೊಂದರಲ್ಲಿ ಶೂಟಿಂಗ್. ಭಾಗ್ಯಕ್ಕ ಮಹಡಿಯ ಕಂಬಿಯಾಚೆ ನಿಂತು ಬೆನ್ನು ಕೆಳಗಾಗಿ ಬೀಳಬೇಕು. ಕೆಳಗೆ ಖಾಲಿ ರಟ್ಟಿನ ಡಬ್ಬಗಳ ಅಟ್ಟಿ, ಅದರ ಮೇಲೆ ಹಾಸಿಗೆ. ಮಾಸ್ಟರು ಎಂದಿನಂತೆ ಮೊದಲು ತಾವೇ ಅದರ ಮೇಲೆ ಹೊರಳಾಡಿ ನೋಡಿ, ಬಂದು ಕುರ್ಚಿಯಲ್ಲಿ ಕೂತು ಹೆಬ್ಬೆರಳು ಎತ್ತಿದರು. “ಬಾ ಮಗಾ!” ಅಂದೆ. ನನ್ನ ಕೆಲಸ ಮುಗಿಯಿತೆಂದು ಬಿಸಿ ಬೋಂಡಾ ಒಂದನ್ನು ಇಡಿಯಾಗಿ ಬಾಯಿಗೆ ತುರುಕಿದೆ.

ಅವಳು ಹಿಂದಕ್ಕೆ ವಾಲಿದಳು. ಒಂದು ಕೈ ಕಂಬಿ ಬಿಟ್ಟಿತ್ತು.

“ಇರು ಮಗಾ!”

ಮಾಸ್ಟರ ದನಿ. ಅವಳು ತಟ್ಟನೆ ಕಂಬಿ ಹಿಡಿದು ನೇತಾಡಿದಳು. ಅಷ್ಟರಲ್ಲಿ ಡಬ್ಬಗಳ ಅಟ್ಟಿ ಲಟಲಟನೆ ಕುಸಿಯಿತು. ಅದರಡಿಯ ಮಣ್ಣಿನ ಕೆಳಗೆ ಹಳೆಯ ನೀರಿನ ತೊಟ್ಟಿ ಇದ್ದದ್ದು, ಅದಕ್ಕೆ ಬರೀ ಗೆದ್ದಲು ಹಿಡಿದ ಹಲಗೆ ಮುಚ್ಚಿದ್ದದ್ದು ಯಾರಿಗೂ ಗೊತ್ತಿರಲಿಲ್ಲ. ಹಾಸಿಗೆ ಸಮೇತ ಎಲ್ಲವೂ ಒಳಗೆ ಹೋಯಿತು.

ಹುಡುಗರು ಭಾಗ್ಯಕ್ಕನನ್ನು ಮೇಲೆಳೆದುಕೊಂಡರು. ನಿರ್ದೇಶಕರು ಓಡಿಬಂದು, “ಉಳಿಸ್ಬಿಟ್ಟೆ ಗುರು!” ಎಂದು ನನ್ನನ್ನೇ ತಬ್ಬಿಕೊಂಡರು. ಬಾಯಲ್ಲಿ ಬೋಂಡಾ, ಅಲ್ಲವೆನ್ನಲೂ ಆಗಲಿಲ್ಲ. ಮಾಸ್ಟರು ಗಂಟಲ ಮೇಲೆ ಕೈಯಿಟ್ಟು ನಿಂತಿದ್ದರು. ಹತ್ತಿರ ಹೋಗಿ, “ನೀವೇನಾ ಮಾಸ್ಟ್ರೇ?” ಅಂದೆ. ಅವರು ಇಲ್ಲವೆಂದು ತಲೆಯಾಡಿಸಿ, ನೀನಲ್ಲವೇ ಎಂಬಂತೆ ನನ್ನತ್ತ ಬೆರಳು ತೋರಿಸಿದರು. ಆಮೇಲೆ ಡಾಕ್ಟರೂ ನೋಡಿ, ಆ ಗಂಟಲಿನಿಂದ ದನಿ ಹೊರಡುವ ಮಾತೇ ಇಲ್ಲ ಅಂದರು. ನಾನು ಮನೆಯಲ್ಲಿ ಬಾಯ್ತುಂಬ ಬೋಂಡಾ ಇಟ್ಟುಕೊಂಡು ಕನ್ನಡಿ ಮುಂದೆ ಕೂಗಿ ನೋಡಿದೆ. ದನಿಗಿಂತ ಹೆಚ್ಚಾಗಿ ಬೋಂಡಾವೇ ಹೊರಬಂತು.

ಇವತ್ತಿಗೂ ನನಗೆ ಅರ್ಥವಾಗಿಲ್ಲ. ಅವತ್ತು ಸಂಜೆ, ಮಾಸ್ಟರು ವ್ಯಾನಿನ ಮುಂದಿನ ಸೀಟಿನಲ್ಲಿ ನಿದ್ದೆ ಹೋಗಿದ್ದಾಗ, ಭಾಗ್ಯಕ್ಕನಿಗೆ ಮೆಲ್ಲಗೆ ಹೇಳಿದೆ: “ಗೊತ್ತಿಲ್ದಂಗೆ ನಾನೇ ಕೂಗಿದ್ನೇನೋ ಅಕ್ಕಾ. ಅಭ್ಯಾಸಬಲ.”

ಅವಳು ಕಂಬಿ ತರಚಿದ ಅಂಗೈ ಊದಿಕೊಳ್ಳುತ್ತಾ ಅಪ್ಪನ ಕಡೆ ನೋಡಿದಳು.

“ಸುಮ್ನಿರೋ. ಅಷ್ಟು ಚೆನ್ನಾಗಿ ನೀನ್ ಯಾವತ್ತು ಮಾಡಿದ್ದೀಯ?”